ಅರಳಿಮರಕ್ಕೆ ಬಂದ ಬೋರ್ಡು

ಅಂದು ಎದ್ದವಳೇ ಹಂಡೆಗೆ ಉರಿ ಹಾಕಿದೆ. ಹಾಲು ಕಾಯಿಸಿದೆ, ಅತ್ತೆಯ ಮಡಿಸೀರೆಯನ್ನು ಕೋಲಿನಿಂದ ಇಳಿಸಿಕೊಟ್ಟೆ, ಮನೆಯವರ ಡಬ್ಬಿಗೆ ಚಿತ್ರಾನ್ನ ಕಲಸಿದೆ, ಎಲ್ಲೋ ಸೇರಿಕೊಂಡಿದ್ದ ಗ್ಯಾಸಿನ ಪುಸ್ತಕ ಹುಡುಕಿಟ್ಟೆ, ಬಚ್ಚಲಿನ ತೂಬಿಗೆ ಸಿಕ್ಕಿದ್ದ ಕೂದಲು ತೆಗೆದೆ. ಕೊನೆಗೆ ಸ್ಟೀಲ್ ಬಟ್ಟಲಿಗೆ ನೂರೆಂಟು ಕಡಲೆಕಾಯಿ ಎಣಿಸಿ ಹಾಕಿದೆ. ಸೋಮವಾರ ಅಮಾವಾಸ್ಯೆ ಬಿದ್ದಿತ್ತು. ಅಂಥ ದಿನ ಅತ್ತೆ ಅರಳಿಮರಕ್ಕೆ ನೂರೆಂಟು ಸುತ್ತು ಬರುತ್ತಾರೆ. ಲೆಕ್ಕ ತಪ್ಪದಿರಲೆಂದು ಸುತ್ತಿಗೊಂದು ಕಡಲೆಕಾಯಿ ಕಟ್ಟೆಯ ಮೇಲಿಡುತ್ತಾರೆ. ಬೇರೆ ದಿನಗಳಲ್ಲಿ ಐದೇ ಸುತ್ತು. ಮದುವೆಯಾಗಿ ಚಾಮರಾಜಪುರಂಗೆ ಬಂದಾಗಿನಿಂದ ಅವರು ಅದನ್ನು ಬಿಟ್ಟವರಲ್ಲ.

ಇದು ತೊಂಬತ್ತರ ದಶಕದ ಕೊನೆಯ ಮಾತು. ಅದಕ್ಕೆ ಎರಡು ವರ್ಷ ಮುಂಚೆ ನಮ್ಮ ಬೀದಿಯನ್ನು ಅಗಲ ಮಾಡಿದ್ದರು. ಮರ ಕಡಿಯಲು ಯಾರಿಗೂ ಧೈರ್ಯವಿರಲಿಲ್ಲ. ಅದರ ಸುತ್ತ ನಾಲ್ಕು ಅಡಿ ಬಿಡಲು ಯಾರಿಗೂ ಮನಸ್ಸಿರಲಿಲ್ಲ. ಟಾರು ಕಟ್ಟೆಯ ಬುಡಕ್ಕೇ ಬಂತು. ಅಂದಿನಿಂದ ಸುತ್ತಿನ ಅರ್ಧ ಕಾಂಪೌಂಡಿನ ಪಕ್ಕದ ಮಣ್ಣಿನಲ್ಲಿ, ಉಳಿದರ್ಧ ಎದುರು ಬರುವ ವಾಹನಗಳ ಬಾಯಿಗೆ. ಕಡಕೊಳದ ಕಾರ್ಖಾನೆಗಳಿಗೆ ಹೋಗುವ ಟೆಂಪೋಗಳೂ ನಮ್ಮ ಬೀದಿಯೇ ಹತ್ತಿರವೆಂದು ನುಗ್ಗತೊಡಗಿದವು.

ಒಂದು ಬೆಳಿಗ್ಗೆ ಸ್ಕೂಟರೊಂದು ತಗುಲಿ ಅತ್ತೆಯ ಮಣಿಕಟ್ಟು ಮುರಿಯಿತು. ಆರು ವಾರ ಪ್ಲಾಸ್ಟರು. ಮೂಲೆಯಲ್ಲಿ ನಿಲ್ಲುವ ಪೊಲೀಸಿನವರು ನೋಡಲು ಬಂದು ಉಪಾಯ ಹೇಳಿದರು. "ಅಜ್ಜಿ, ನೀವು ಆ ಕಡೆಯಿಂದ ಸುತ್ತಿ. ಗಾಡಿ ಹೋಗೋ ದಿಕ್ಕಿಗೇ ನೀವೂ ಹೋದಂಗಾಯ್ತದೆ."

"ಉಲ್ಟಾ ಸುತ್ತೋದು ಹೆಣಕ್ಕೆ ಕಣಪ್ಪಾ," ಎಂದರು ಅತ್ತೆ. "ನನ್ ಸುತ್ತ ಹಂಗೆ ಬರೋರು ಆಮೇಲೆ ಬರ್ತಾರೆ, ನಂಗ್ಯಾಕೆ ಈಗ್ಲೇ ಅವಸರ?"

ಆ ವಾರವೇ ನಾನು ಅರ್ಜಿ ಬರೆದೆ. ನಮ್ಮ ಬೀದಿಯಲ್ಲಿ ವೇಗಕ್ಕೊಂದು ಮಿತಿ ಹಾಕಿ, ಬೋರ್ಡು ಹಾಕಿಸಿ ಎಂದು. ಮೊದಲ ಸಹಿ ನನ್ನದೇ. ಮನೆಮನೆಗೆ ಹೋಗಿ ಉಳಿದ ಸಹಿ ಹಾಕಿಸಿದೆ. ಕಚೇರಿಗೆ ಹೋದರೆ ಒಮ್ಮೆ ಗುಮಾಸ್ತರು ಊಟಕ್ಕೆ ಹೋಗಿದ್ದರು, ಒಮ್ಮೆ ಫೈಲು ಬೇರೆ ಮೇಜಿಗೆ ಹೋಗಿತ್ತು, ಒಮ್ಮೆ "ದಸರಾ ಮುಗೀಲಿ ತಾಯಿ, ಈಗ ಎಲ್ರೂ ಬನ್ನಿಮಂಟಪದಲ್ಲವ್ರೆ" ಎಂದರು. ಹೀಗೇ ಹನ್ನೊಂದು ತಿಂಗಳು ಕಳೆಯಿತು.

ಆ ಸೋಮವಾರ ಹತ್ತು ಗಂಟೆಗೆ, ಅತ್ತೆ ಎಪ್ಪತ್ತನೇ ಕಡಲೆಕಾಯಿ ಇಡುವ ಹೊತ್ತಿಗೆ, ಇಬ್ಬರು ಕೆಲಸಗಾರರು ಗಾಡಿಯಿಂದ ಬೋರ್ಡು ಇಳಿಸಿದರು. ಹಳದಿ ತಗಡು, ಕಪ್ಪು ಅಕ್ಷರ: ನಿಧಾನವಾಗಿ ಚಲಿಸಿ, ೨೦ ಕಿ.ಮೀ. ನನಗೆ ನಿಂತಲ್ಲೇ ಕಣ್ಣು ತುಂಬಿತು. ಅವರಲ್ಲಿ ಹಿರಿಯ ಸುತ್ತಿಗೆ ಹಿಡಿದು ನೇರ ಮರದ ಹತ್ತಿರ ಬಂದ.

"ಸ್ವಲ್ಪ ಜಾಗ ಬುಡಜ್ಜಿ, ಬೋರ್ಡ್ ಹೊಡೀಬೇಕು."

"ಎಲ್ಲಿಗೆ?"

"ಈ ಮರಕ್ಕೇಯ."

"ಶನಿವಾರ ಬಿಟ್ರೆ ನಾವು ಈ ಮರ ಮುಟ್ಟೋದೂ ಇಲ್ಲ. ನೀನು ಮೊಳೆ ಹೊಡೀತೀಯಾ?"

"ನಾಕೇ ಮೊಳೆ ಕಣಜ್ಜಿ. ಇಷ್ಟ್ ದಪ್ಪ ಮರಕ್ಕೆ ಸೊಳ್ಳೆ ಕಚ್ಚಿದಂಗೆ."

"ಹಂಗಾದ್ರೆ ನಿನ್ ಬೆನ್ನಿಗೆ ಹೊಡ್ಕೊಂಡು ಇಲ್ಲೇ ನಿಂತ್ಕೊಬುಡು. ಮಿಕ್ಕಿದ್ದು ನಿನ್ನೇ ಸುತ್ತುತೀನಿ."

ಜೊತೆಗಿದ್ದವನು ಮುಖ ತಿರುಗಿಸಿ ನಕ್ಕ. ನಾನು ನಗಲಿಲ್ಲ. "ಅತ್ತೆ, ಇದು ನಿಮಗೋಸ್ಕರ ನಾವೇ ಕೇಳಿದ್ದ ಬೋರ್ಡು," ಎಂದೆ.

"ಬೋರ್ಡ್ ಕೇಳಿದ್ದೆ ಕಣೇ. ಮೊಳೆ ಕೇಳಿದ್ನಾ?"

ಅವರು ಮರ ಮುಟ್ಟದೆ ಅದಕ್ಕೆ ಅಡ್ಡ ನಿಂತುಬಿಟ್ಟರು. ನಾನು ಮನೆಗೆ ಓಡಿ, ಒಣಹಾಕಿದ್ದ ಬಟ್ಟೆಯನ್ನೆಲ್ಲ ಚಪ್ಪಡಿಯ ಮೇಲೆ ಎಳೆದು ಹಾಕಿ, ಹಗ್ಗ ಬಿಚ್ಚಿಕೊಂಡು ಬಂದೆ. ಹಗ್ಗದಲ್ಲಿ ಕಟ್ಟಿ ಎಂದೆ. ಗಾಳಿಗೆ ಬಿದ್ದು ಯಾರದಾದರೂ ತಲೆ ಒಡೆದರೆ ತನ್ನ ಕೆಲಸ ಹೋಗುತ್ತದೆ ಎಂದ ಹಿರಿಯ. ಹಾಗಾದರೆ ಒಂದು ಕಂಬ ನೆಡಿ ಎಂದೆ.

"ಕಂಬ ನಮ್ದಲ್ಲ ಕಣಮ್ಮ, ಅದು ಬೇರೆ ಸೆಕ್ಷನ್. ಅದಕ್ಕೆ ಇನ್ನೊಂದು ಅರ್ಜಿ ಕೊಡ್ಬೇಕು."

ಆಮೇಲೆ ಜೇಬಿನಿಂದ ಕಾಗದ ತೆಗೆದು, ಗಾಡಿಯ ಮೇಲಿಟ್ಟು, 'ಸಾರ್ವಜನಿಕರ ವಿರೋಧದ ಕಾರಣ ಬೋರ್ಡು ಹಾಕಲಾಗಿಲ್ಲ' ಎಂದು ಬರೆದು ನನ್ನ ಮುಂದೆ ಹಿಡಿದ. ಸಾರ್ವಜನಿಕರ ಪರವಾಗಿ ಒಂದು ಸಹಿ ಬೇಕಂತೆ. ಯಾರ ಮೇಲೆ ಸಿಟ್ಟು ಮಾಡಿಕೊಳ್ಳಬೇಕೋ ತಿಳಿಯಲಿಲ್ಲ. ಆತನದೇನೂ ತಪ್ಪಿಲ್ಲ. ಅತ್ತೆಯದು ತಪ್ಪೆಂದು ಹೇಳಲು ಬಾಯಿ ಬರಲಿಲ್ಲ, ಸರಿಯೆಂದು ಒಪ್ಪಲು ಮನಸ್ಸು ಬರಲಿಲ್ಲ. ಸಹಿ ಹಾಕಿದೆ. ಬೋರ್ಡು ಬಂದ ಗಾಡಿಯಲ್ಲೇ ವಾಪಸು ಹೋಯಿತು.

ಉಳಿದದ್ದು ಮೂವತ್ತೆಂಟು ಸುತ್ತು. ಅಷ್ಟರಲ್ಲಿ ಟೆಂಪೋ ಒಂದು ಹಾರ್ನ್ ಹೊಡೆಯುತ್ತ ಹೋದ ರಭಸಕ್ಕೆ ಅತ್ತೆಯ ಸೆರಗು ಹಾರಿತು. ಅವರು ನಿಂತರು. ಬಟ್ಟಲನ್ನು ಎದೆಗೆ ಒತ್ತಿಕೊಂಡರು. ನಾನು ರಸ್ತೆಗಿಳಿದು ಅವರ ಹೊರಮಗ್ಗುಲಿಗೆ ನಿಂತು ಕೈ ಹಿಡಿದೆ. ಟಾರಿನ ಮೇಲೆ ಹೆಜ್ಜೆಯಿಟ್ಟಾಗ ಅವರ ಹಿಡಿತ ಬಿಗಿಯಾಗುತ್ತಿತ್ತು, ಮಣ್ಣಿಗೆ ಬಂದಾಗ ಸಡಿಲವಾಗುತ್ತಿತ್ತು. ಆಟೋದವನೊಬ್ಬ "ಮನೇಲಿ ಜಾಗ ಇಲ್ವೇನ್ರಮ್ಮ?" ಎಂದು ಕೂಗಿ ಹೋದ. ಮೂವತ್ತೆಂಟನ್ನೂ ಹಾಗೇ ಮುಗಿಸಿದೆವು. ಹೊಡೆದರೆ ಮೊದಲು ನನಗೆ ಹೊಡೆಯಲಿ ಎಂಬ ಲೆಕ್ಕ, ಅಷ್ಟೇ, ಧೈರ್ಯವೇನಲ್ಲ.

ಸಂಜೆ ಮನೆಯವರು ಎಲ್ಲ ಕೇಳಿ, "ಕಂಬಕ್ಕೆ ಇನ್ನೊಂದು ಅರ್ಜಿ ಬರೆದರಾಯ್ತು ಬಿಡು," ಎಂದರು.

"ನೀವೇ ಬರೀರಿ. ಅಲೆಯೋದೂ ನೀವೇ," ಎಂದೆ. ಅವರು ದಿನಪತ್ರಿಕೆ ಬಿಡಿಸಿ ಮುಖಕ್ಕೆ ಹಿಡಿದರು.

"ಅತ್ತೆ, ನಾಳೆಯಿಂದ ಒಬ್ಬರೇ ಮರದ ಹತ್ರ ಹೋಗೋದು ಬೇಡ."

"ಒಬ್ಳೇ ಯಾಕೆ ಹೋಗ್ಲಿ? ಏಳೂವರೆಗೆ ತಯಾರಾಗಿರು," ಎಂದರು ಅವರು, ಅದು ಎಂದೋ ತೀರ್ಮಾನವಾದ ಸಂಗತಿಯೆಂಬಂತೆ. ಏಳೂವರೆಗೇ ನನಗೆ ಡಬ್ಬಿ ಕಟ್ಟುವ ಕೆಲಸ. ಏಳಕ್ಕೆ ಹೋಗೋಣ ಎಂದೆ. ಹೂಂ ಎಂದರು.

ರಾತ್ರಿ ಅತ್ತೆಗೆ ಫಲಾರಕ್ಕೆ ಈರುಳ್ಳಿ ಹಾಕದ ಉಪ್ಪಿಟ್ಟು, ಒಂದು ಲೋಟ ಹಾಲು. ನಾವಿಬ್ಬರೂ ಬೆಳಗಿನ ಹುಳಿ, ಅನ್ನ, ಸುಟ್ಟ ಹಪ್ಪಳ ತಿಂದೆವು. ಅತ್ತೆಯ ಕಾಲಿಗೆ ಹರಳೆಣ್ಣೆ ತಿಕ್ಕಲು ಕೂತೆ. ಬಲಗಾಲು ಮುಗಿಸುವಷ್ಟರಲ್ಲಿ ಅವರು ನಿದ್ದೆ ಹೋಗಿದ್ದರು.