ಆಚಿ ದೇಶದ ಬಾಗಿಲ ತಿಂಗಳು

ಹೋದ ವಾರ ಹಳಿಯಾಳದ ನಮ್ಮ ಮನೆಯ ಅಡುಗೆಮನೆಯಲ್ಲಿ ನಾನು, ನನ್ನ ನಾದಿನಿ, ಅವಳ ಮೊಮ್ಮಗಳು ಮೂವರೂ ಕೂತು ಶಾಲೆಯ ಯಾವುದೋ ರಟ್ಟಿನ ಗೊಂಬೆಗೆ ಅಂಟು ಕಾಯಿಸುತ್ತಿದ್ದೆವು. ಕುದಿಯುವ ನೀರಿಗೆ ಮೈದಾ ಹಾಕಿ ತಿರುವಿದಾಗ ಅರೆಬೆಂದ ಹಿಟ್ಟಿನ ವಾಸನೆ ಎದ್ದಿತು ನೋಡಿ, ನನ್ನ ಕೈ ಅಲ್ಲೇ ನಿಂತಿತು. ಆ ವಾಸನೆ ಎಂದರೆ ನನಗೆ ದಾಂಡೇಲಿಯ ಕಾಕು...

ಲಗ್ನವಾದ ಹೊಸದರಲ್ಲಿ ನಾವು ದಾಂಡೇಲಿಯಲ್ಲಿ ಕಾಗದದ ಕಾರ್ಖಾನೆಯವರ ಸಾಲುಮನೆಗಳಲ್ಲಿ ಇದ್ದೆವು. ಬಾಜೂ ಮನೆಯವರು ಕಾಕು. ತವರು ಜೋಯಿಡಾ ಕಡೆಯ ಕಾಡೊಳಗಿನ ಹಳ್ಳಿ. ಕೊಂಕಣಿ ಮಾತಾಡುತ್ತ ಬೆಳೆದವರು. ಕನ್ನಡವನ್ನು ನಿನ್ನ ಅತ್ತೆಯ ಜೊತೆ ಜಗಳಾಡಿಯೇ ಕಲಿತೆ ಎಂದು ನನಗೆ ಹೇಳುತ್ತಿದ್ದರು. ಅವರಿಗೆ ಒಬ್ಬಳೇ ಮಗಳು. ಓಡಾಡಿಕೊಂಡಿದ್ದ ಹುಡುಗಿ, ಹೃದಯದ ಕಾಯಿಲೆ ಬಂದು ಕಿಟಕಿಯ ಬದಿಯ ಹಾಸಿಗೆ ಹಿಡಿದಿದ್ದಳು.

ನೋಡಲು ಬಂದ ನೆಂಟಳೊಬ್ಬಳು, ಹುಡುಗಿಗೆ ನಿದ್ದೆ ಹತ್ತಿದೆ ಎಂದುಕೊಂಡು ಅಂದುಬಿಟ್ಟಳು: "ಯುಗಾದಿ ದಾಟಿದ್ರ ದೊಡ್ಡದು ಅಂದಾರಂತಲ್ಲ ಡಾಕ್ಟರು..."

ಮರುದಿನದಿಂದ ಹುಡುಗಿ ಗೋಡೆಯ ಕ್ಯಾಲೆಂಡರಿನಲ್ಲಿ ದಿನಕ್ಕೊಂದು ಗೀಟು ಹಾಕತೊಡಗಿದಳು. ಊಟ ಸೇರದಾಯಿತು. ಕಾಕು ಎರಡು ದಿನ ನೋಡಿದರು. ಮೂರನೆಯ ದಿನ ಆ ಕ್ಯಾಲೆಂಡರು ಬಚ್ಚಲೊಲೆಗೆ ಹೋಯಿತು. ಗಂಡ ತಂದ ರದ್ದಿ ಹಾಳೆಗಳಿಗೆ ಮೈದಾ ಅಂಟು ಬಳಿದು, ಒಂದರ ಮೇಲೊಂದು ಕೂಡಿಸಿ, ಬಿಸಿಲಲ್ಲಿ ಒಣಗಿಸಿ, ಅದೇ ಮೊಳೆಗೆ ಹೊಸದೊಂದನ್ನು ತೂಗುಹಾಕಿದರು.

"ಇದು ಆಚಿ ದೇಶದ್ದು. ಇನ್ನಮ್ಯಾಲ ನಮ್ಮನ್ಯಾಗ ಇದ ನಡೀತೈತಿ."

"ಎಲ್ಲೈತಿ ಆಯಿ ಆ ದೇಶ?" ಎಂದು ಕೇಳಿದಳು ಮಗಳು.

"ಕಾಳಿ ಹೊಳಿ ದಾಟಿ, ನಿನ್ನ ಅಜ್ಜಿ ಮನಿ ದಾಟಿ, ಬಸ್ಸು ನಿಂತಮ್ಯಾಲೂ ಇನ್ನಷ್ಟು ನಡೀಬೇಕು."

ಆ ದೇಶದಲ್ಲಿ ಸೂರ್ಯನಿಗೂ ಅಪ್ಪನ ಹಾಗೆಯೇ ಪಾಳಿ. ಮೋಡ ಕವಿದ ದಿನ ಅವನ ವಾರದ ರಜೆ, ಅದು ಲೆಕ್ಕಕ್ಕಿಲ್ಲ. ತಿಂಗಳಿಗೆ ಇಂತಿಷ್ಟೇ ದಿನ ಎಂದಿಲ್ಲ. ಜೀರುಂಡೆ ಕೂಗುವಷ್ಟು ದಿನ ಜೀರುಂಡೆ ತಿಂಗಳು, ಚಪ್ಪಲಿ ಒಣಗದಷ್ಟು ದಿನ ಒದ್ದೆ ಚಪ್ಪಲಿ ತಿಂಗಳು. ಕೊನೆಯದು ಬಾಗಿಲ ತಿಂಗಳು. ಮಂಗಟ್ಟೆ ಹಕ್ಕಿ ಮರದ ಪೊಟರೆ ಹೊಕ್ಕು, ಕೊಕ್ಕಿನಷ್ಟು ಸಂದು ಬಿಟ್ಟು ಬಾಗಿಲು ಮೆತ್ತಿಕೊಳ್ಳುತ್ತದಲ್ಲ, ಆಗ ಶುರು. ಮರಿ ಬಲಿತು ಹಕ್ಕಿ ಬಾಗಿಲು ಒಡೆದು ಹೊರಬಂತೆಂದು ತವರಿನಿಂದ ಸುದ್ದಿ ಬರಬೇಕು. ಅಲ್ಲಿಯವರೆಗೆ ವರ್ಷ ಬದಲಾಗುವಂತಿಲ್ಲ.

ಹುಡುಗಿ ಮತ್ತೆ ಉಣ್ಣತೊಡಗಿದಳು. ಮನೆಗೆ ಬಂದ ನರ್ಸಿಗೆ, "ಆಚಿ ದೇಶದಾಗ ಇಂಜೆಕ್ಷನ್ ದಿನ ಇಲ್ಲ್ರಿ" ಎಂದಳು. "ನಾ ಈಚಿ ದೇಶದಾಕಿ. ತಿರುಗು ಆ ಕಡೆ," ಎಂದಳು ಆಕೆ. ಇಡೀ ಸಾಲಿಗೆ ಆ ಲೆಕ್ಕ ಹತ್ತಿಕೊಂಡಿತು. ಒಮ್ಮೆ ನಾನು ಮರೆತು, "ಅತ್ತಿ, ಜೀರುಂಡಿ ತಿಂಗಳಿಗೆ ತವರಿಗೆ ಹೋಗಿ ಬರ್ಲೇನ್ರಿ?" ಎಂದೆ. "ಯಾವ ಪಂಚಾಂಗದಾಗ ಐತವಾ ಅದು? ನಿಮ್ಮ ಅಪ್ಪನ ಮನ್ಯಾಗ ಬರದಾರೇನು?" ಎಂದರು ನಮ್ಮ ಅತ್ತೆ.

ಯುಗಾದಿ ಹತ್ತಿರ ಬಂತು. ಕಾಕು ಮನೆಮನೆಗೆ ಬಂದರು. "ಈ ಸಲ ತೋರಣ ಕಟ್ಟಬ್ಯಾಡ್ರಿ. ಅಕಿ ಕಣ್ಣಿಗೆ ಬೀಳಬಾರದು." ಇಷ್ಟೇ ಅಂದದ್ದು. ಹಬ್ಬ ಬಿಡುವುದೆಂದರೆ ಸಣ್ಣ ಮಾತೇ? ಅಪಶಕುನ ಎನ್ನುವವರು ನಮ್ಮ ಸಾಲಿನಲ್ಲೂ ಇದ್ದರು. ಆದರೂ ಆ ಯುಗಾದಿಗೆ ಒಂದು ಬಾಗಿಲಿಗೂ ಮಾವಿನೆಲೆ ಏರಲಿಲ್ಲ. ಬೇವು-ಬೆಲ್ಲವನ್ನು ಬಾಗಿಲು ಹಾಕಿಕೊಂಡು ತಿಂದೆವು. ನಮ್ಮ ಅತ್ತೆ ಅಡುಗೆಮನೆಯಲ್ಲೇ ದೇವರಿಗೆ ಕೈಮುಗಿದು, "ಮುಂದಿನ ವರ್ಷ ಜೋರಾಗಿ ಮಾಡ್ತೇವಪ್ಪಾ" ಎಂದರು.

ಎರಡು ದಿನ ಬಿಟ್ಟು ಗಂಜಿ ತೆಗೆದುಕೊಂಡು ಹೋಗಿದ್ದೆ. ಕಾಕು ನೀರಿಗೆ ಹೋಗಿದ್ದರು. ಹುಡುಗಿ ನನ್ನ ಸೆರಗು ಜಗ್ಗಿದಳು.

"ವೈನಿ, ಯುಗಾದಿ ಆತಲ್ಲ?"

ಗಂಜಿಯ ಪಾತ್ರೆ ಕೆಳಗಿಟ್ಟೆ. "ಯಾರು ಹೇಳಿದ್ರು ನಿನಗ?"

"ಯಾರೂ ಹೇಳಿಲ್ಲ. ಅಂದು ಎಲ್ಲಾರ ಬಾಗಿಲಾನೂ ಮುಚ್ಚಿದ್ವಲ್ಲ... ಮತ್ತ್ಯಾವಾಗ ಮುಚ್ತೀರಿ ನೀವು?" ಎಂದು ನಕ್ಕಳು. ಆಮೇಲೆ ದನಿ ಇಳಿಸಿ ಹೇಳಿದಳು: "ನಾ ದಾಟಿದೆ ನೋಡು. ಆಯಿಗೆ ಮಾತ್ರ ಹೇಳಬ್ಯಾಡ. ಅಕಿ ಇನ್ನೂ ಬಾಗಿಲ ತಿಂಗಳದಾಗ ಅದಾಳ."

ದಾಟಿದ್ದಳು, ನಿಜ. ಆದರೆ ಮಂಗಟ್ಟೆ ಹೊರಬಂದ ಸುದ್ದಿ ತವರಿನಿಂದ ಬರುವ ಮೊದಲೇ, ಒಂದು ಸುಡುಬಿಸಿಲಿನ ಮಧ್ಯಾಹ್ನ, ತಾಯಿಯ ತೊಡೆಯ ಮೇಲೆ...

ಮರುವರ್ಷದ ಯುಗಾದಿಗೂ ಹಬ್ಬ ಬೇಡವೆಂದು ನಾವೆಲ್ಲ ಮಾತಾಡಿಕೊಂಡಿದ್ದೆವು. ಬೆಳಗ್ಗೆ ಎದ್ದು ನೋಡಿದರೆ ಕಾಕು ಮಾವಿನ ಟೊಂಗೆ ಹೊತ್ತು ತಂದು, ಸ್ಟೂಲು ಹಾಕಿಕೊಂಡು, ಒಂದೊಂದೇ ಮನೆಗೆ ತೋರಣ ಕಟ್ಟುತ್ತಿದ್ದರು. ಸಾವಿನ ಮನೆಯೆಂದು ಅವರ ಬಾಗಿಲಷ್ಟೇ ಬರಿದು. ನಮ್ಮ ಬಾಗಿಲಿಗೆ ಕಟ್ಟುವಾಗ ನಾನು ಸ್ಟೂಲು ಹಿಡಿದು ನಿಂತಿದ್ದೆ. ನನ್ನ ಕಡೆ ತಿರುಗದೆಯೇ ಕೇಳಿದರು:

"ತಂಗೀ, ಹ್ವಾದ ವರ್ಷ ಅಕೀಗೆ ಗೊತ್ತಾಗಲಿಲ್ಲ, ಹೌದಲ್ಲ?"

"ಇಲ್ಲ್ರಿ ಕಾಕು. ಗೊತ್ತಾಗಲಿಲ್ಲ."

"ಅಷ್ಟ ಸಾಕು," ಎಂದು ಗಂಟು ಬಿಗಿದರು.

ಕಾರ್ಖಾನೆಯ ಕೆಲಸ ಮುಗಿದ ಮೇಲೆ ಕಾಕಾ, ಕಾಕು ಗಂಡ ಹೆಂಡತಿ ಇಬ್ಬರೂ ಜೋಯಿಡಾ ಕಡೆಗೇ ಹೋಗಿ ನೆಲೆಸಿದರು. ನಾವು ಹಳಿಯಾಳಕ್ಕೆ ಬಂದೆವು. ಆಗಾಗ ಫೋನು, ಮದುವೆಮುಂಜಿಯಲ್ಲೊಮ್ಮೆ ಭೇಟಿ. ಪ್ರತಿ ಸಲವೂ ಆ ಹುಡುಗಿಯ ಮಾತು ನನ್ನ ನಾಲಿಗೆಯ ತುದಿಗೆ ಬರುತ್ತಿತ್ತು, ನುಂಗಿಕೊಳ್ಳುತ್ತಿದ್ದೆ. ಈಗ ಯಾರಿಂದ ಮುಚ್ಚಿಡಲಿ ಎಂದು ಬರೆಯುತ್ತಿದ್ದೇನೆ.

ಈ ಮಳೆಗಾಲದಲ್ಲಿ ಕಾಕು ತೀರಿಕೊಂಡರು. ಅವರ ತಮ್ಮನ ಮಗ ಫೋನು ಮಾಡಿದ್ದ. ನಾನೂ ನಮ್ಮವರೂ ಬಸ್ಸು ಬದಲಿಸಿ, ಇಳಿದು ಕೆಸರಲ್ಲಿ ನಡೆದು ಹೋಗುವಷ್ಟರಲ್ಲಿ ಎಲ್ಲ ಮುಗಿದಿತ್ತು. ಕಾಕಾ ಜಗಲಿಯ ಮೇಲೆ ಕೂತಿದ್ದರು. ಸ್ವಲ್ಪ ಹೊತ್ತು ಅವರ ಬದಿಯಲ್ಲಿ ಕೂತು, ಸಂಜೆಯ ಬಸ್ಸಿಗೆ ತಿರುಗಿ ಬಂದೆವು.