ಐದನೇ ಹಾಸಿಗೆಯ ಪಕ್ಕದ ಸಿಂಕು

ಆಸ್ಪತ್ರೆಯಲ್ಲಿ ಎಲ್ಲರೂ ಅವಳನ್ನು ಕರೆಯುವುದು ತಟ್ಟೆ ಅಕ್ಕ ಎಂದೇ. ಊಟದ ತಟ್ಟೆಯಲ್ಲ, ರೋಗಿಗಳ ರಕ್ತ, ಮೂತ್ರ, ಕೀವಿನಿಂದ ಬ್ಯಾಕ್ಟೀರಿಯಾ ಬೆಳೆಸಿ ನೋಡುವ ಅಂಗೈಯಗಲದ ತಟ್ಟೆ. ಇಪ್ಪತ್ತಾರು ವರ್ಷ ಲ್ಯಾಬಿನಲ್ಲಿ ಅದನ್ನೇ ನೋಡಿ ನೋಡಿ ಕತ್ತು ಮುಂದಕ್ಕೆ ಬಾಗಿದೆ, ಆದರೆ ನಾಲಿಗೆಯ ಮೊನಚು ಹೋಗಿಲ್ಲ. ತಪ್ಪು ಕಂಡರೆ ಡಾಕ್ಟರಿಗೂ ಮುಖಕ್ಕೆ ಹೊಡೆದ ಹಾಗೆ ಹೇಳುವವಳು.

ತಟ್ಟೆಯ ಮೇಲೆ ಔಷಧಿಯ ಪುಟ್ಟ ಬಿಲ್ಲೆಗಳನ್ನಿಡುತ್ತಾಳೆ. ಕೆಲಸ ಮಾಡುವ ಔಷಧಿಯಾದರೆ ಸುತ್ತಲಿನ ಬ್ಯಾಕ್ಟೀರಿಯಾ ಸತ್ತು ಬೋಳು ಉಂಗುರ ಬೀಳುತ್ತದೆ. ಮೂರು ತಿಂಗಳಿಂದ ತೀವ್ರ ನಿಗಾ ಘಟಕದ ತಟ್ಟೆಗಳಲ್ಲಿ, ಬೇರೆ ಗತಿಯೇ ಇಲ್ಲದಾಗ ಕೊಡಲೆಂದು ಬೀರುವಿನಲ್ಲಿ ಬೀಗ ಹಾಕಿಟ್ಟ ಔಷಧಿಗೂ ಉಂಗುರವಿಲ್ಲ. ದೊಡ್ಡ ಲ್ಯಾಬಿಗೆ ಕಳಿಸಿ ಪರೀಕ್ಷೆ ಮಾಡಿಸಿದಳು. ಬ್ಯಾಕ್ಟೀರಿಯಾ ಮೂರು ಬೇರೆ ಜಾತಿಯವು, ಔಷಧಿಯನ್ನು ಸೋಲಿಸುವ ಜೀನ್ ಮಾತ್ರ ಒಂದೇ. ನೆರೆಮನೆಗೆ ಹೆಪ್ಪು ಕೊಟ್ಟ ಹಾಗೆ ಒಂದು ಇನ್ನೊಂದಕ್ಕೆ ಕೊಡುತ್ತಿತ್ತು. ಕೊಟ್ಟವರಿಗೇನೂ ಕಡಿಮೆಯಾಗುವುದಿಲ್ಲ ನೋಡಿ!

ಮಂಚ, ನಲ್ಲಿ, ಬಾಗಿಲ ಹಿಡಿ ಎಲ್ಲಾ ಹತ್ತಿಯಿಂದ ಒರೆಸಿ ಬೆಳೆಸಿ ನೋಡಿದಳು. ಸಿಕ್ಕಿದ್ದು ಐದನೇ ಹಾಸಿಗೆಯ ಪಕ್ಕದ ಸಿಂಕಿನ ಕೊಳವೆಯಲ್ಲಿ. ಸಿಂಕು ಕಿತ್ತುಹಾಕಿ ಎಂದು ಮೇಲಿನವರಿಗೆ ಮೂರು ಪತ್ರ ಬರೆದಳು. "ನೋಡೋಣ" ಎಂದರು. ಏನು ನೋಡುತ್ತಾರೋ ದೇವರಿಗೇ ಗೊತ್ತು.

ಹೋದ ವಾರ ಕರುಳು ಒಡೆದು ಅದೇ ಐದನೇ ಹಾಸಿಗೆಗೆ ಬಂದು ಮಲಗಿದವನು ಅವಳ ತಮ್ಮ. ಅವಳೇ ಸೊಂಟದ ಮೇಲೆ ಕೂರಿಸಿಕೊಂಡು ಸಾಕಿದವನು. ಇವತ್ತು ಬೆಳಿಗ್ಗೆ ಅವನ ತಟ್ಟೆ ತೆರೆದಳು. ಒಂದೇ ಒಂದು ಉಂಗುರವಿರಲಿಲ್ಲ. ರಿಪೋರ್ಟನ್ನು ಜೇಬಿಗೆ ತುರುಕಿಕೊಂಡು ದಡದಡ ಮೆಟ್ಟಿಲು ಹತ್ತಿದಳು.

ನರ್ಸ್ ಒಬ್ಬಳು ಆ ಸಿಂಕಿಗೇ ಏನೋ ಸುರಿಯುತ್ತಿದ್ದಳು.

"ಏನದು?"

"ಉಳಿದ ಔಷಧಿ ಅಕ್ಕ. ಬೀರುವಿಂದು."

"ಕೈ ತೊಳೆಯೋ ಸಿಂಕಿಗಾ? ಕೊಳವೆಯಲ್ಲಿರೋ ಬ್ಯಾಕ್ಟೀರಿಯಾಕ್ಕೆ ದಿನಾ ಕುಡಿಸಿ ಕುಡಿಸಿ ಪಳಗಿಸ್ತಿದೀರಲ್ಲ! ಯಾವ ಪುಣ್ಯಾತ್ಮರು ಹೇಳ್ಕೊಟ್ರು ನಿಮಗೆ?"

ನರ್ಸ್ ಗೋಡೆಯ ಕಡೆ ಕೈ ತೋರಿಸಿದಳು. ನಲ್ಲಿಯ ಮೇಲೆ ಹಳದಿಗಟ್ಟಿದ ಕಾಗದ. "ಉಳಿದ ಔಷಧಿಯನ್ನು ಸಿಂಕಿಗೆ ಸುರಿದು, ಖಾಲಿ ಬಾಟಲಿಯನ್ನು ಮಾತ್ರ ಬುಟ್ಟಿಗೆ ಹಾಕಿ." ಅಕ್ಷರ ತಟ್ಟೆ ಅಕ್ಕನದೇ.

ಹನ್ನೊಂದು ವರ್ಷದ ಹಿಂದೆ ಬುಟ್ಟಿಯಲ್ಲಿ ಬಾಟಲಿ ಒಡೆದು ಔಷಧಿ ತಾಗಿ ಕಸ ತೆಗೆಯುವವಳ ಕೈ ಬಾತುಹೋಗಿತ್ತು. ಆಗ ಎಲ್ಲರಿಗೂ ಛೀಮಾರಿ ಹಾಕಿ ತಾನೇ ಅಂಟಿಸಿ ಮರೆತಿದ್ದ ಕಾಗದ. ಅವಳ ಪತ್ರಗಳಿಗೆ ಕಿವಿಗೊಡದ ಈ ಆಸ್ಪತ್ರೆ ಇದೊಂದನ್ನು ಮಾತ್ರ ಒಂದು ದಿನವೂ ತಪ್ಪದೆ ಪಾಲಿಸಿತ್ತು.

ಉಗುರಿನಿಂದ ಕೆರೆದು ಕೀಳಲು ನೋಡಿದಳು. ಬರಲಿಲ್ಲ.

"ಅಕ್ಕಾ, ಬೆಳಿಗ್ಗೆ ಬೆಳಿಗ್ಗೆ ಯಾರ ಮೇಲೆ ಕೂಗಾಡ್ತಿದೀಯ?" ತಮ್ಮ ಕಣ್ಣು ಬಿಟ್ಟಿದ್ದ.

"ನನ್ನ ಮೇಲೇ ಕಣೋ."

ಅವನು ನಕ್ಕ. ತಮಾಷೆ ಎಂದುಕೊಂಡನೇನೋ. "ಸರಿ, ನನ್ನ ರಿಪೋರ್ಟ್ ಬಂತಾ?"

ಅವನ ಹಣೆ ಮುಟ್ಟಬೇಕೆನಿಸಿತು. ಮುಟ್ಟುವ ಮೊದಲು ಕೈ ತೊಳೆಯಲು, ಇಪ್ಪತ್ತಾರು ವರ್ಷದ ರೂಢಿಯಂತೆ, ಅವಳ ಕೈ ಅದೇ ನಲ್ಲಿಯ ಕಡೆ ಹೋಯಿತು.