ಗುಂಡಿಮಗ್ಗಕ್ಕೆ ಇಳಿದ ಕಾಲು

ತಾಯಿ ಚೌಡೇಶ್ವರಿಯನ್ನು ನಂಬಿದವರಿಗೆಲ್ಲ ನಾಗರತ್ನಳ ನಮಸ್ಕಾರ. ನಾನು ಬೇಡಿದ್ದನ್ನು ಅವಳು ಕೊಟ್ಟಳು. ಹೇಗೆ ಕೊಟ್ಟಳು ಎಂಬುದನ್ನೂ ಮುಚ್ಚಿಡದೆ ಬರೆಯುತ್ತೇನೆ.

೧೯೯೬ರ ಶ್ರಾವಣದಲ್ಲಿ ಬೆಂಗಳೂರಿನ ಆಸ್ಪತ್ರೆಯೊಂದರಲ್ಲಿ ನನ್ನ ಬಲಮಂಡಿಯ ಸವೆದ ಕೀಲು ತೆಗೆದು ಲೋಹದ ಕೀಲು ಕೂರಿಸಿದರು. ಆಗ ನನಗೆ ಐವತ್ತು ವರ್ಷ, ಕಲ್ಯಾಣದುರ್ಗದ ಹೈಸ್ಕೂಲಿನಲ್ಲಿ ಟೀಚರು. ಹಿಂದೂಪುರದ ನಮ್ಮ ನೇಕಾರರ ಬೀದಿಯಲ್ಲಿ ಬಿ.ಎ. ಪಾಸಾದ ಮೊದಲ ಹೆಣ್ಣು ನಾನು. ನಮ್ಮ ಮನೆಯಲ್ಲಂತೂ ಗಂಡಸರೂ ಸೇರಿ ನಾನೇ ಮೊದಲು. ಹದಿನಾರು ವರ್ಷದವರೆಗೆ ಮಗ್ಗದ ಗುಂಡಿಯಲ್ಲಿ ಕಾಲು ಇಳಿಬಿಟ್ಟು ನೇಯ್ದವಳು, ಕಾಲೇಜು ಸೇರಿದ ದಿನ ಇನ್ನು ಈ ಗುಂಡಿಗೆ ಇಳಿಯುವುದಿಲ್ಲ ಎಂದು ಅವ್ವನ ಮುಖಕ್ಕೇ ಹೇಳಿದ್ದೆ.

ಆಸ್ಪತ್ರೆಯಿಂದ ನೇರ ತವರಿಗೆ ಬಂದೆ. ದಿನಕ್ಕೆ ನಾಲ್ಕು ಸಲ ಕಾಲು ಮಡಿಸಬೇಕೆಂದು ಚೀಟಿ ಬರೆದುಕೊಟ್ಟಿದ್ದರು. ಅವ್ವ ಒಪ್ಪಲಿಲ್ಲ. ಮಗ್ಗದಲ್ಲಿ ಉದ್ದಕ್ಕೆ ಬಿಗಿಯುವ ಹಾಸಿನ ನೂಲಿಗೆ ಗಂಜಿ ಹಾಕಿ ಬೀದಿಯುದ್ದ ಎಳೆದು ಕಟ್ಟಿದ ಮೇಲೆ, ಒಣಗುವ ಮುಂಚೆ ಮಡಿಸಿದರೆ ಎಳೆ ಹರಿಯುತ್ತದೆ; ಹೊಸ ಕೀಲೂ ಹಾಗೇ, ಒಳಗಿನ ಹಸಿ ಆರುವ ತನಕ ಚಾಚಿಯೇ ಇರಬೇಕು ಎಂದಳು. ಬೀದಿಯವರೆಲ್ಲ ಹೌದೆಂದರು. ಆ ಇಂಗ್ಲಿಷ್ ಚೀಟಿ ಓದಬಲ್ಲವಳು ಮನೆಯಲ್ಲಿ ನಾನೊಬ್ಬಳೇ. ಮಡಿಸಿದರೆ ಪ್ರಾಣ ಹೋಗುವಷ್ಟು ನೋವಾಗುತ್ತಿತ್ತು, ಅದಕ್ಕೆ ನಾನೂ ಹೌದೆಂದೆ. ತಪ್ಪು ಅವ್ವನದಲ್ಲ.

ಆರು ವಾರಕ್ಕೆ ಕಾಲು ಮರದ ತುಂಡಾಯಿತು. ಸ್ಕೂಲಿಗೆ ಹಾಜರಾಗೋಣವೆಂದು ಕಲ್ಯಾಣದುರ್ಗದ ಬಸ್ಸು ಹತ್ತಿದರೆ ಸೀಟಿನ ಮುಂದೆ ಕಾಲು ಹಿಡಿಯಲಿಲ್ಲ. ಓಡಾಡುವ ದಾರಿಗೆ ಚಾಚಿ ಕೂತೆ. ಜನ ಅದನ್ನು ದಾಟಿಕೊಂಡು ಹೋದರು. "ಕಾಲು ಮುಡುಚುಕೋಮ್ಮಾ," ಎಂದ ಕಂಡಕ್ಟರು ತೆಲುಗಿನಲ್ಲಿ, ಮಡಿಸಿಕೋ ಎಂದು. ಆಗುವುದಿಲ್ಲ ಎಂದೆ. ಹಾಗಾದರೆ ಕಾಲಿಗೂ ಒಂದು ಟಿಕೆಟ್ ತೆಗೆದುಕೋ ಎಂದು ಬಸ್ಸನ್ನೆಲ್ಲ ನಗಿಸಿದ. ನನ್ನ ಹತ್ತಿರ ಓದಿದ ಹೆಣ್ಣುಮಗಳೊಬ್ಬಳು ಹಿಂದೆ ಕೂತಿದ್ದಳು, ಅವಳೂ ನಕ್ಕಳು. ನಾನು ಸ್ಕೂಲಿನ ಮೂರು ಮೆಟ್ಟಿಲು ಹತ್ತುವುದನ್ನು ಹೆಡ್‌ಮಾಸ್ಟರು ನಿಂತು ನೋಡಿದರು. ಡಾಕ್ಟರ ಸರ್ಟಿಫಿಕೇಟ್ ಇಲ್ಲದೆ ಸೇರಿಸಿಕೊಳ್ಳುವುದಿಲ್ಲ ಎಂದು ವಾಪಸ್ಸು ಕಳಿಸಿದರು.

ಬೆಂಗಳೂರಿನ ಡಾಕ್ಟರು ಒತ್ತಿ ನೋಡಿದರು. ಮೂವತ್ತು ಡಿಗ್ರಿಯೂ ಬಾಗಲಿಲ್ಲ.

"ಓದಿದವರಲ್ವೇನ್ರೀ ನೀವು?" ಎಂದರು. ಅದು ಇವತ್ತಿಗೂ ಚುಚ್ಚುತ್ತದೆ. ದಸರಾ ಕಳೆಯುವುದರೊಳಗೆ ಬಾಗದಿದ್ದರೆ ಮಂಪರು ಕೊಟ್ಟು ಬಲವಂತವಾಗಿ ಬಗ್ಗಿಸಬೇಕು, ಆಗ ಎಲುಬು ಮುರಿದರೂ ಮುರಿಯಬಹುದು, ಬೇಡವೆಂದರೆ ಬದುಕಿರುವ ತನಕ ಹೀಗೇ ಎಂದರು.

ಹಿಂದೂಪುರಕ್ಕೆ ಬಂದವಳು ತಾಯಿಯ ಗುಡಿಗೆ ಹೋದೆ. ಅಡ್ಡಬೀಳಲು ಆಗದೆ ನಿಂತೇ ಬೇಡಿದೆ: ಹೇಗಾದರೂ ಸರಿ, ಈ ಕಾಲು ಬಾಗಿಸು. ಹಾಗೆ ಬೇಡಬಾರದೆಂದು ಗೊತ್ತಿರಲಿಲ್ಲ.

ಮೂರನೇ ದಿನ, ಮನೆಯ ಮಗ್ಗ ನೇಯುತ್ತಿದ್ದ ಅಣ್ಣ ಸೈಕಲ್ಲಿನಲ್ಲಿ ನೂಲು ತರುವಾಗ ಲಾರಿ ತಗುಲಿ, ಅವನ ಬಲಗೈ ಎರಡು ಕಡೆ ಮುರಿಯಿತು.

ವಿಜಯದಶಮಿಗೆ ತಾಯಿಗೆ ಉಡಿಸುವ ಸೀರೆ ನೇಯುವುದು ಆ ವರ್ಷ ನಮ್ಮ ಮನೆಯ ಸರದಿ. ಅಣ್ಣ ಎರಡು ಮೊಳ ನೇಯ್ದಿದ್ದ. ತಾಯಿಯ ಹಾಸು ಮಗ್ಗಕ್ಕೇರಿದ ಮೇಲೆ ಕತ್ತರಿಸುವಂತಿಲ್ಲ. ಆ ಮನೆಯಲ್ಲಿ ಹುಟ್ಟಿದವರು ಬಿಟ್ಟರೆ ಬೇರೆ ಯಾರೂ ಆ ಗುಂಡಿಗೆ ಕಾಲಿಡುವಂತಿಲ್ಲ. ಅವ್ವ, ಅತ್ತಿಗೆ ಇಬ್ಬರೂ ಸೊಸೆಯರಾಗಿ ಬಂದವರು. ಅಪ್ಪ ಇಲ್ಲ, ಅಣ್ಣನಿಗೆ ಮಕ್ಕಳಿಲ್ಲ.

ಅವ್ವ ನನ್ನ ಹಾಸಿಗೆಯ ಹತ್ತಿರ ಬಂದು ದಿಂಬು ಕಿತ್ತಳು.

"ಏಳೇ. ಗುಂಡಿಗಿಳಿ."

"ಸತ್ತೋಯ್ತೀನಿ ಕಣವ್ವ."

"ಸೀರೆ ಮುಗಿಸ್ಬುಟ್ಟು ಸಾಯಿ. ನೀನು ಬಿ.ಎ. ಮಾಡಿರೋದು ಆ ಕಾಲಿಗೆ ಗೊತ್ತಿಲ್ಲ ಕಣಮ್ಮ. ತುಳಿಯೋದು ಗೊತ್ತದೆ."

ಗುಂಡಿಯ ಅಂಚಿನಲ್ಲಿ ಕೂರಿಸಿದರು. ಎಡಗಾಲು ಇಳಿಯಿತು. ಬಲಗಾಲು ಅಡ್ಡಕ್ಕೇ ನಿಂತಿತು. ಹಾಸು ಬಿಗಿಯಾಗಿರಲೆಂದು ತೂಗುಹಾಕುವ ಮರಳಿನ ಚೀಲವನ್ನು ಅವ್ವ ನನ್ನ ಬಲಪಾದದ ಗಂಟಿಗೆ ಕಟ್ಟಿದಳು. ದಿನಾ ಒಂದು ಹಿಡಿ ಮರಳು ಹೆಚ್ಚು. ನಾನು ಕೂಗಿಕೊಂಡರೆ ಪಕ್ಕದ ಮನೆಯ ಪವರ್‌ಲೂಮಿನ ಸದ್ದಿನಲ್ಲಿ ಮುಳುಗಿಹೋಗುತ್ತಿತ್ತು. ಅತ್ತಿಗೆ ಬಾಗಿಲಿಗೆ ಒರಗಿ ನೋಡುತ್ತಿದ್ದಳು.

"ಅಣ್ಣನ ಕೈ ಮುರಿದ್ಬುಟ್ಟು ತಂಗಿ ಕಾಲು ರಿಪೇರಿ ಮಾಡ್ತಾವ್ಳೆ ನಿಮ್ ಚೌಡೇಶ್ವರಿ ತಾಯಿ. ಒಳ್ಳೇ ನ್ಯಾಯ," ಎಂದಳು.

ಗುಡಿಯಲ್ಲಿ ನಾನು ಬೇಡಿದ್ದು ಅವಳಿಗೆ ಗೊತ್ತಿರಲಿಲ್ಲ. ನನ್ನ ಕೈಯಲ್ಲಿದ್ದ ಲಾಳಿ ಜಾರಿತು.

ಮೊದಲು ಎಡಗಾಲೊಂದರಲ್ಲೇ ಗುಂಡಿಯ ತಳದ ಎರಡು ತುಳಿಹಲಗೆಯನ್ನೂ ತುಳಿದು ನೇಯ್ದೆ. ಐದನೇ ದಿನ ಬಲಗಾಲಿನ ಹೆಬ್ಬೆರಳು ಅದರ ಹಲಗೆಗೆ ತಾಗಿತು. ಹನ್ನೊಂದನೇ ದಿನ ಮಂಡಿಯೊಳಗೆ ಹಳೆಯ ಬಟ್ಟೆ ಹರಿದಂತೆ ಏನೋ ಪರ‍್ರೆಂದಿತು. ನಾನು ನೇಯ್ಗೆಯ ಮೇಲೇ ಮುಖ ಹಾಕಿ ಬಿದ್ದೆ. ಅವ್ವ ಜುಟ್ಟು ಹಿಡಿದು ನನ್ನ ತಲೆಯನ್ನು ಮೇಲೆತ್ತಿದಳು.

"ತಾಯಿ ಸೀರೆ ಮ್ಯಾಲೆ ಕಣ್ಣೀರು ಬೀಳಿಸ್ಬ್ಯಾಡ. ತುಳಿ."

ತುಳಿದೆ. ಹಲಗೆ ಕೆಳಕ್ಕೆ ಹೋಯಿತು. ಒಳಗಿನ ಕೋಣೆಯಿಂದ, ಕೈಗೆ ಪಟ್ಟಿ ಹಾಕಿಸಿಕೊಂಡು ಮಲಗಿದ್ದ ಅಣ್ಣ ಕೇಳಿದ: "ಎಲ್ಡು ಕಾಲಿನ ಸದ್ದು ಬತ್ತಾ ಅದೆ. ನಿಂದೇ ಏನಮ್ಮ?"

ಮಹಾನವಮಿಯ ಬೆಳಿಗ್ಗೆ ಸೀರೆ ಮುಗಿಯಿತು. ದಸರಾ ಮುಗಿಸಿ ಬೆಂಗಳೂರಿಗೆ ಹೋದಾಗ ಡಾಕ್ಟರು ಎರಡು ಸಲ ಅಳೆದರು. ತೊಂಬತ್ತು ಡಿಗ್ರಿ ದಾಟಿತ್ತು. ಏನು ವ್ಯಾಯಾಮ ಮಾಡಿದಿರಿ ಎಂದು ಕೇಳಿದರು. ದೇವರ ದಯೆ ಎಂದೆ. ಮರಳಿನ ಚೀಲದ ಮಾತು ಎತ್ತಲಿಲ್ಲ, ನೀವು ಯಾರೂ ಹಾಗೆ ಚೀಲ ಕಟ್ಟಿಕೊಳ್ಳಬೇಡಿ. ಸರ್ಟಿಫಿಕೇಟ್ ಸಿಕ್ಕಿತು. ಕಲ್ಯಾಣದುರ್ಗದ ಬಸ್ಸಿನಲ್ಲಿ ಕಾಲು ಮಡಿಸಿ ಕೂತು ಹೋಗಿ ಕೆಲಸಕ್ಕೆ ಹಾಜರಾದೆ.

ಈಗ ಮೂರು ವರ್ಷವಾಯಿತು. ಅಣ್ಣನ ಕೈ ಸೊಟ್ಟಗೇ ಕೂಡಿಕೊಂಡಿತು; ಅವನು ಮತ್ತೆ ಲಾಳಿ ಹಿಡಿಯಲಿಲ್ಲ. ತಾಯಿ ಕೇಳಿಸಿಕೊಳ್ಳುತ್ತಾಳೆಯೇ ಎಂದು ಯಾರಾದರೂ ಅನುಮಾನಪಟ್ಟರೆ ನನ್ನನ್ನು ಕೇಳಿ. ಒಂದಕ್ಷರ ಬಿಡದೆ ಕೇಳಿಸಿಕೊಳ್ಳುತ್ತಾಳೆ. ಪ್ರತಿ ದಸರಾಕ್ಕೂ ಅವಳ ಮುಂದೆ ಕಾಲು ಮಡಿಸಿ ಕೂತು ಎರಡೂ ಕೈ ಮುಗಿಯುತ್ತೇನೆ. ಪಕ್ಕದಲ್ಲಿ ಅಣ್ಣ ಎಡಗೈಯೊಂದನ್ನು ಎದೆಗಿಟ್ಟು ನಿಂತಿರುತ್ತಾನೆ. ನನಗಾಗಿ ಏನನ್ನೂ ಬೇಡುವುದಿಲ್ಲ. ಕೊಟ್ಟಿದ್ದಕ್ಕೆ ನಮಸ್ಕಾರ ತಾಯಿ ಎಂದಷ್ಟೇ ಹೇಳಿ ಏಳುತ್ತೇನೆ.